ಅನಯಾ ಎಂಬ ಹೆಸರು: ಕೊಪ್ಪಳದ ಒಂದು ಮನೆಯಲ್ಲಿ ನಡೆದ ಅರ್ಥಪರಿಶೀಲನೆಯ ಪ್ರಕರಣ

ಕೊಪ್ಪಳ ತಾಲ್ಲೂಕಿನ ಒಂದು ಕುಟುಂಬದವರು ತಮ್ಮ ಹೆಣ್ಣುಮಗುವಿಗೆ ಇಡಲು ಆರಿಸಿದ್ದ ಹೆಸರಿನ ಮೂಲವನ್ನೂ ಅರ್ಥವನ್ನೂ ನೋಡಿಕೊಡಬೇಕೆಂದು ನನ್ನನ್ನು ಕೇಳಿದ್ದರು. ಆ ಪರಿಶೀಲನೆ ನಡೆದ ಬಗೆ, ನಡುವೆ ಎದ್ದ ವಾದಗಳು ಮತ್ತು ಕೊನೆಗಾದ ತೀರ್ಮಾನವನ್ನು ಅವರ ಒಪ್ಪಿಗೆಯ ಮೇರೆಗೆ ಇಲ್ಲಿ ಪೂರ್ತಿಯಾಗಿ ಬರೆದಿದ್ದೇನೆ. ಮನೆಯವರ ಹೆಸರುಗಳನ್ನು ಮಾತ್ರ ಬಿಟ್ಟಿದ್ದೇನೆ. ಮಗುವಿನ ತಂದೆ ಗಂಗಾವತಿಯ ಒಂದು ಅಕ್ಕಿ ಗಿರಣಿಯಲ್ಲಿ ಲೆಕ್ಕ ನೋಡಿಕೊಳ್ಳುತ್ತಾರೆ, ತಾಯಿ ಪ್ರಾಥಮಿಕ ಶಾಲೆಯ ಶಿಕ್ಷಕಿ. ನಾನು ಕಾಲೇಜಿನಲ್ಲಿ ಕನ್ನಡ ಕಲಿಸುವವನಾದ್ದರಿಂದ ಇಂಥ ಪ್ರಶ್ನೆಗಳು ನನ್ನಲ್ಲಿಗೆ ಆಗಾಗ ಬರುತ್ತವೆ. ಆದರೆ ಹೆಸರಿಡುವುದಕ್ಕೆ ಮೊದಲೇ, ಇನ್ನೂ ಬದಲಿಸಿಕೊಳ್ಳಲು ಅವಕಾಶವಿರುವಾಗ ಕೇಳುವವರು ಕಡಿಮೆ. ಈ ಮನೆಯವರು ಹಾಗೆ ಮೊದಲೇ ಕೇಳಿದ್ದು ಬಹಳ ಒಳ್ಳೆಯದಾಯಿತು.

ಮಗು ಹುಟ್ಟಿದ್ದು ಕೃತ್ತಿಕಾ ನಕ್ಷತ್ರದ ಮೊದಲ ಪಾದದಲ್ಲಿ. 27 ನಕ್ಷತ್ರಗಳಿಗೆ ತಲಾ 4 ಪಾದಗಳಂತೆ 108 ಅಕ್ಷರಗಳನ್ನು ಪಂಚಾಂಗದಲ್ಲಿ ಹಂಚಿರುತ್ತಾರೆ. ಕೃತ್ತಿಕೆಯ ಪಾಲಿಗೆ ಬರುವುದು ಅ, ಈ, ಉ, ಎ. ಹೀಗಾಗಿ ಹೆಸರು ಅಕಾರದಿಂದಲೇ ಶುರುವಾಗಬೇಕೆಂದು ಮನೆಯಲ್ಲಿ ನಿಶ್ಚಯವಾಗಿತ್ತು. ತಂದೆ ಮೊಬೈಲಿನಲ್ಲಿ ಹುಡುಕಿ ಮೂರು ಹೆಸರುಗಳನ್ನು ಗುರುತು ಹಾಕಿಕೊಂಡಿದ್ದರು. ಮೊದಲನೆಯದು ಅನಯಾ. ಅದರ ಮುಂದೆ ‘ಸಂಸ್ಕೃತ ಮೂಲ, ತನಗಿಂತ ಮೇಲಿನವರಿಲ್ಲದವಳು’ ಎಂಬ ಅರ್ಥ ಕೊಟ್ಟಿತ್ತು. ಅದು ಬೇಡವಾದರೆ ಇರಲೆಂದು ಅದ್ವಿಕಾ ಮತ್ತು ಅಮಾಯ್ರಾ ಎಂಬ ಇನ್ನೆರಡು. ತಂದೆಗೆ ಮೊದಲನೆಯದೇ ಮನಸ್ಸಿಗೆ ಬಂದಿತ್ತು. ಮೂರಕ್ಷರದ ಹೆಸರು, ಕೇಳಲು ಮೃದು, ಅರ್ಥವೂ ದೊಡ್ಡದು.

ಅನುಮಾನ ಮೊದಲು ಎದ್ದದ್ದು ಅಜ್ಜಿಯಿಂದ. ಆಕೆ ಓದುಬರಹ ಕಲಿತವರಲ್ಲ. ಹೆಸರನ್ನು ಕೇಳಿದೊಡನೆ, “ಇದೇನವ್ವಾ, ಅನ್ಯಾಯ ಅಂದಂಗ ಕೇಳ್ತೈತಿ. ನಾಳೆ ಓಣ್ಯಾಗಿನ ಹುಡುಗರು ಕಾಡಸ್ತಾವ ನೋಡು” ಎಂದರಂತೆ. ಮಗ ಅದನ್ನು ಹಳೆಯ ಕಾಲದವರ ಮಾತೆಂದು ಬದಿಗಿಟ್ಟರು. ಸೊಸೆ ಬದಿಗಿಡಲಿಲ್ಲ. ಆಕೆ ತರಗತಿಯಲ್ಲಿ ಮಕ್ಕಳಿಗೆ ವಿರುದ್ಧಾರ್ಥಕ ಪದಗಳನ್ನು ಕಲಿಸುವಾಗ ಶುಭ–ಅಶುಭ, ನೀತಿ–ಅನೀತಿ ಎಂದು ಬರೆಸುತ್ತಾರೆ. ಆ ಸಾಲಿನಲ್ಲಿ ನಯ–ಅನಯ ಎಂದು ಬಂದರೆ ಏನಾಗುತ್ತದೆ ಎಂಬ ಪ್ರಶ್ನೆ ಆಕೆಗೆ ತಾನಾಗಿಯೇ ಹೊಳೆದಿತ್ತು. “ಸರ್, ತೊಟ್ಟಿಲ ಕಾರ್ಯಕ್ಕ ಇನ್ನೂ ಸ್ವಲ್ಪ ದಿನ ಐತ್ರಿ. ಒಮ್ಮಿ ನೋಡಿ ಹೇಳ್ರಿ” ಎಂದು ಫೋನಿನಲ್ಲಿ ಕೇಳಿದವರು ಅವರೇ.

ನಿಘಂಟುಗಳಲ್ಲಿ ಕಂಡದ್ದು

ಒಂದು ಹೆಸರು ಇಂಥ ಭಾಷೆಯದು ಎಂದು ಹೇಳಿದಾಗ ಮೊದಲು ನೋಡಬೇಕಾದದ್ದು ಆ ಭಾಷೆಯ ಪ್ರಮಾಣಭೂತ ಕೋಶಗಳಲ್ಲಿ ಆ ಪದ ಇದೆಯೇ, ಇದ್ದರೆ ಯಾವ ಅರ್ಥದಲ್ಲಿದೆ ಎಂಬುದನ್ನು. ಅನಯ ಎಂಬ ಪದ ಸಂಸ್ಕೃತದಲ್ಲಿ ಇದೆ. 1890ರಲ್ಲಿ ಪ್ರಕಟವಾದ ವಾಮನ ಶಿವರಾಮ ಆಪ್ಟೆಯವರ ಕೋಶದಲ್ಲಿಯೂ 1899ರಲ್ಲಿ ಪರಿಷ್ಕೃತವಾಗಿ ಬಂದ ಮೋನಿಯರ್ ವಿಲಿಯಮ್ಸ್ ಅವರ ಕೋಶದಲ್ಲಿಯೂ ಅದಕ್ಕೆ ಕೊಟ್ಟಿರುವ ಅರ್ಥಗಳು ಕೆಟ್ಟ ನಡತೆ, ದುರ್ನೀತಿ, ಆಪತ್ತು, ದುರದೃಷ್ಟ. ಅಮರಕೋಶದ ನಾನಾರ್ಥವರ್ಗವು ಇದೇ ಪದಕ್ಕೆ ವ್ಯಸನ, ಅಶುಭವಾದ ದೈವ, ವಿಪತ್ತು ಎಂಬ ಮೂರು ಅರ್ಥಗಳನ್ನು ಹೇಳುತ್ತದೆ. ಮೂರರಲ್ಲಿ ಒಂದಾದರೂ ಮಗುವಿಗೆ ಹಾರೈಸುವಂಥದ್ದಲ್ಲ.

ಇಲ್ಲಿ ಸ್ವಲ್ಪ ವ್ಯಾಕರಣವನ್ನು ಬಿಡಿಸಿ ಹೇಳಬೇಕಾಗುತ್ತದೆ, ಏಕೆಂದರೆ ಅಕಾರದಿಂದ ಶುರುವಾಗುವ ಹೆಸರುಗಳಲ್ಲಿ ಬಹುಪಾಲು ತಪ್ಪುಗಳು ಹುಟ್ಟುವುದು ಇದೇ ಜಾಗದಲ್ಲಿ. ಸಂಸ್ಕೃತದಲ್ಲಿ ‘ಇಲ್ಲ’ ಎಂಬುದನ್ನು ಹೇಳುವ ಪೂರ್ವಪದವು ವ್ಯಂಜನದ ಮುಂದೆ ‘ಅ’ ಎಂದೂ ಸ್ವರದ ಮುಂದೆ ‘ಅನ್’ ಎಂದೂ ನಿಲ್ಲುತ್ತದೆ. ನಮ್ಮ ಸೀಮೆಗೆ ಅತ್ಯಂತ ಹತ್ತಿರದ ಉದಾಹರಣೆ ಅಶೋಕ. ಕೊಪ್ಪಳದ ಗವಿಮಠದ ಬಂಡೆಯಲ್ಲಿಯೂ ಪಾಲ್ಕಿಗುಂಡಿನಲ್ಲಿಯೂ ಅವನ ಶಾಸನಗಳಿವೆ. ಆದರೆ ಅವುಗಳಲ್ಲಿ ‘ದೇವಾನಾಂಪ್ರಿಯ’ ಎಂಬ ಬಿರುದಿದೆಯೇ ಹೊರತು ಹೆಸರಿಲ್ಲ. ಹೆಸರು ಸ್ಪಷ್ಟವಾಗಿ ಸಿಕ್ಕಿದ್ದು ರಾಯಚೂರು ಜಿಲ್ಲೆಯ ಮಸ್ಕಿಯ ಬಂಡೆಯ ಮೇಲೆ, 1915ರಲ್ಲಿ, ಚಿನ್ನದ ಗಣಿಯ ಎಂಜಿನಿಯರ್ ಸಿ. ಬೀಡನ್ ಅವರ ಕಣ್ಣಿಗೆ ಆ ಬರಹ ಬಿದ್ದಾಗ. ಬಳ್ಳಾರಿ ಜಿಲ್ಲೆಯ ನಿಟ್ಟೂರಿನ ಶಾಸನದಲ್ಲಿಯೂ ಅದೇ ಹೆಸರಿದೆ. ಅದಕ್ಕೂ ಮೊದಲೇ ವಿದ್ವಾಂಸರು ಸಿಂಹಳದ ಗ್ರಂಥಗಳ ಆಧಾರದಿಂದ ದೇವಾನಾಂಪ್ರಿಯನೇ ಅಶೋಕನೆಂದು ಹೇಳುತ್ತಿದ್ದರು. ಮಸ್ಕಿಯ ಬಂಡೆ ಆ ಮಾತಿಗೆ ಅವನ ಕಾಲದ್ದೇ ಆದ ಸಾಕ್ಷ್ಯವನ್ನು ಒದಗಿಸಿತು. ಒಂದು ಹೆಸರಿನ ವಿಷಯದಲ್ಲಿ ಸಾಕ್ಷ್ಯ ಎಂದರೆ ಏನು ಎಂಬುದನ್ನು ತಿಳಿಯಬಯಸುವವರು ದೂರ ಹೋಗಬೇಕಾಗಿಲ್ಲ, ಮಸ್ಕಿಯವರೆಗೆ ಹೋದರೆ ಸಾಕು ಎಂದು ನಾನು ವಿದ್ಯಾರ್ಥಿಗಳಿಗೆ ಹೇಳುತ್ತಿರುತ್ತೇನೆ.

ಅಶೋಕ ಎಂದರೆ ಶೋಕವಿಲ್ಲದವನು. ಇಲ್ಲಿ ‘ಅ’ ತೆಗೆದುಹಾಕುತ್ತಿರುವುದು ದುಃಖವನ್ನು. ಆದ್ದರಿಂದ ಹೆಸರು ಮಂಗಳಕರವಾಯಿತು. ಅಭಯ, ಅಜಿತ, ಅನಸೂಯಾ ಎಲ್ಲವೂ ಇದೇ ರೀತಿಯವು. ಅನಸೂಯಾ ಎಂದರೆ ಅಸೂಯೆ ಇಲ್ಲದವಳು. ನಮ್ಮ ಕಡೆ ದಾಖಲೆಗಳಲ್ಲಿ ಅನುಸೂಯಾ ಎಂದು ಬರೆದಿರುವುದೇ ಹೆಚ್ಚು, ಅದು ತಪ್ಪು. ಅನಯ ಎಂಬಲ್ಲಿ ಅದೇ ‘ಅ’ ತೆಗೆದುಹಾಕುತ್ತಿರುವುದು ನಯವನ್ನು. ನಯ ಎಂದರೆ ಒಳ್ಳೆಯ ನಡವಳಿಕೆ, ನೀತಿ, ವಿವೇಕ. ನಯವಿನಯ ಎಂದು ಕನ್ನಡಿಗರೆಲ್ಲ ಜೋಡಿಯಾಗಿ ಹೇಳುವ ಪದವೇ ಅದು. ನಯವಿಲ್ಲದ್ದು ಅನಯ. ಇನ್ನೊಂದು ರೀತಿಯಲ್ಲಿ, ಅನ್ ಮತ್ತು ಅಯ ಎಂದು ಬಿಡಿಸಿದರೂ ಫಲ ಬೇರೆಯಾಗುವುದಿಲ್ಲ. ‘ಅಯಃ ಶುಭಾವಹೋ ವಿಧಿಃ’ ಎಂದು ಅಮರಕೋಶ ಹೇಳುತ್ತದೆ, ಎಂದರೆ ಶುಭವನ್ನು ತರುವ ದೈವ ಅಯ, ಅದಿಲ್ಲದ್ದು ಅನಯ. ಎರಡು ದಾರಿಯಿಂದ ಹೋದರೂ ತಲುಪುವುದು ಒಂದೇ ಕಡೆಗೆ. ಓದುಬರಹ ಬಾರದ ಅಜ್ಜಿಗೆ ಅನ್ಯಾಯ ಎಂದು ಕೇಳಿಸಿದ್ದು ಬೇರೆಯೇ ಪದವಾದರೂ ಅನಯಕ್ಕೂ ಅನ್ಯಾಯಕ್ಕೂ ಅರ್ಥದಲ್ಲಿ ಬಹಳ ದೂರವಿಲ್ಲ.

ತಂದೆಯ ಆಕ್ಷೇಪಗಳು

ಈ ಫಲಿತಾಂಶವನ್ನು ತಿಳಿಸಿದಾಗ ತಂದೆ ಎತ್ತಿದ ಆಕ್ಷೇಪಗಳು ಯೋಗ್ಯವಾಗಿದ್ದವು, ಮತ್ತು ಅವಕ್ಕೆ ಉತ್ತರ ಹೇಳುವುದರಲ್ಲಿಯೇ ಈ ಪ್ರಕರಣದ ಮುಖ್ಯ ಭಾಗವಿದೆ.

ಅವರ ಮೊದಲ ವಾದವು ಧಾತುವನ್ನು ಹಿಡಿದಿತ್ತು. ನಯ ಎಂಬುದು ‘ನೀ’ ಎಂಬ ಧಾತುವಿನಿಂದ ಬಂದದ್ದು, ಅದಕ್ಕೆ ಕರೆದೊಯ್ಯು, ಮುನ್ನಡೆಸು ಎಂಬ ಅರ್ಥವಿದೆ, ನಾಯಕ ಎಂಬ ಪದವೂ ಅಲ್ಲಿಂದಲೇ ಬಂದಿದೆ. ಹಾಗಾದರೆ ಅನಯಾ ಎಂದರೆ ತನ್ನನ್ನು ಮುನ್ನಡೆಸುವವರಿಲ್ಲದವಳು, ತನಗೆ ತಾನೇ ಒಡತಿ ಎಂದು ಏಕೆ ಹೇಳಬಾರದು ಎಂದು ಅವರು ಕೇಳಿದರು. ಧಾತುವಿನ ಬಗ್ಗೆ ಅವರು ಹೇಳಿದ್ದು ನಿಜ. ನಾಯಕ, ನೀತಿ, ವಿನಯ, ನೇತ್ರ, ಉಪನಯನ ಇವೆಲ್ಲ ಒಂದೇ ಧಾತುವಿನ ಮಕ್ಕಳು. ಆದರೆ ಒಂದೇ ಧಾತುವಿನಿಂದ ಹುಟ್ಟಿದ ಮಾತ್ರಕ್ಕೆ ನೇತ್ರ ಎಂಬ ಪದವನ್ನು ನಾಯಕ ಎಂಬ ಅರ್ಥದಲ್ಲಿ ಯಾರೂ ಬಳಸುವುದಿಲ್ಲ, ನೀತಿ ಎಂದರೆ ಕಣ್ಣು ಎಂದು ಯಾರೂ ತಿಳಿಯುವುದಿಲ್ಲ. ಧಾತುವು ಪದ ಎಲ್ಲಿಂದ ಹೊರಟಿತು ಎಂಬುದನ್ನು ಹೇಳುತ್ತದೆ. ಎಲ್ಲಿ ನಿಂತಿದೆ ಎಂಬುದನ್ನು ಹೇಳುವುದು ಬಳಕೆ. ಅನಯ ಎಂಬ ಪದವನ್ನು ಸಂಸ್ಕೃತದ ಬಳಕೆ ದುರ್ನೀತಿ ಮತ್ತು ಆಪತ್ತಿನ ಅರ್ಥದಲ್ಲಿ ಗಟ್ಟಿಗೊಳಿಸಿಬಿಟ್ಟಿದೆ. ಬಹುವ್ರೀಹಿ ಸಮಾಸವೆಂದು ತೆಗೆದುಕೊಂಡು ಸ್ತ್ರೀಲಿಂಗದಲ್ಲಿ ಅನಯಾ ಎಂದು ದೀರ್ಘ ಹಚ್ಚಿದರೆ ‘ನಯವಿಲ್ಲದವಳು’ ಎಂದೇ ಆಗುತ್ತದೆ. ಸ್ವಾತಂತ್ರ್ಯದ ಅರ್ಥವನ್ನು ಅಲ್ಲಿ ತರಬೇಕಾದರೆ ಪ್ರತಿಯೊಬ್ಬರಿಗೂ ಕೂತು ವಿವರಿಸಬೇಕಾಗುತ್ತದೆ, ಮತ್ತು ಸಂಸ್ಕೃತ ಬಲ್ಲವರಿಗೆ ಆ ವಿವರಣೆ ಒಪ್ಪಿಗೆಯಾಗುವುದಿಲ್ಲ. ಹೆಸರಿನ ಅರ್ಥವನ್ನು ಧಾತುವಿನಿಂದ ಕಟ್ಟಿಕೊಡುವ ಈ ರೂಢಿ ಈಗ ಹೆಸರುಗಳ ಪಟ್ಟಿಗಳಲ್ಲಿ ಎಲ್ಲೆಡೆ ಕಾಣುತ್ತಿದೆ. ತಂದೆತಾಯಿಗಳು ಬೇರೆಲ್ಲಕ್ಕಿಂತ ಹೆಚ್ಚು ಎಚ್ಚರ ವಹಿಸಬೇಕಾದದ್ದು ಇದರ ಬಗ್ಗೆಯೇ ಎಂದು ನನಗೆ ಅನ್ನಿಸುತ್ತದೆ, ಏಕೆಂದರೆ ಅರ್ಧ ಸತ್ಯವಾಗಿರುವ ಕಾರಣ ಅದು ಪೂರ್ತಿ ಸುಳ್ಳಿಗಿಂತ ಬೇಗ ನಂಬಿಸುತ್ತದೆ.

ಎರಡನೆಯ ವಾದ ಎಣಿಕೆಯದು. “ಒಂದ ಕಡೆ ಇದ್ರ ತಪ್ಪು ಅನಬಹುದಿತ್ತು ಸರ್, ಎಲ್ಲಾ ಕಡೆ ಹಿಂಗ ಐತಲ್ರಿ” ಎಂದು ಅವರು ಮೊಬೈಲು ತೋರಿಸಿದರು. ನಾವಿಬ್ಬರೂ ಕೂತು ಆ ಪಟ್ಟಿಗಳನ್ನು ಒಂದರ ಪಕ್ಕ ಒಂದಿಟ್ಟು ಓದಿದೆವು. ಅರ್ಥ ಹೇಳುವ ವಾಕ್ಯ ಎಲ್ಲದರಲ್ಲಿಯೂ ಬಹುತೇಕ ಅದೇ ಮಾತುಗಳಲ್ಲಿತ್ತು. ಯಾವುದರಲ್ಲಿಯೂ ಇಂಥ ಗ್ರಂಥದಲ್ಲಿ, ಇಂಥ ಕೋಶದಲ್ಲಿ ಈ ಪದವಿದೆ ಎಂಬ ಮಾತಿರಲಿಲ್ಲ. ಒಬ್ಬರು ಬರೆದದ್ದನ್ನು ಹತ್ತು ಜನ ನಕಲು ಮಾಡಿದರೆ ಸಾಕ್ಷಿಗಳು ಹತ್ತಾಗುವುದಿಲ್ಲ. ಲೆಕ್ಕ ಬರೆಯುವವರಾದ್ದರಿಂದ ಈ ಮಾತು ಅವರಿಗೆ ತಕ್ಷಣ ಹಿಡಿಸಿತು. ಒಂದು ರಶೀದಿಯ ಎಷ್ಟು ಜೆರಾಕ್ಸ್ ಇದ್ದರೂ ಜಮಾ ಆಗುವುದು ಒಂದೇ ಸಲ ಎಂದು ಅವರೇ ಹೇಳಿದರು.

ಆದರೂ ಒಂದು ಪ್ರಶ್ನೆ ಉಳಿದಿತ್ತು, ಮತ್ತು ಅದನ್ನು ಕೇಳಿದವರು ತಾಯಿ. ಕೆಲವು ಪಟ್ಟಿಗಳು ಇದೇ ಹೆಸರಿಗೆ ‘ಕಾಳಜಿ, ರಕ್ಷಣೆ’ ಎಂಬ ಅರ್ಥವನ್ನೂ ಇನ್ನು ಕೆಲವು ‘ದೇವರು ಉತ್ತರಿಸಿದನು’ ಎಂಬ ಅರ್ಥವನ್ನೂ ಕೊಟ್ಟಿದ್ದವು. ಅವು ಸುಳ್ಳೇ, ನಿಜವೇ?

ಒಂದೇ ಇಂಗ್ಲಿಷ್ ಕಾಗುಣಿತ, ಹಲವು ಪದಗಳು

ಈ ಪ್ರಶ್ನೆಗೆ ಉತ್ತರ ಹುಡುಕುವಾಗ ತಪ್ಪು ಎಲ್ಲಿಂದ ಬಂತು ಎಂಬುದು ಬಯಲಾಯಿತು. ಪಟ್ಟಿಗಳೆಲ್ಲ ಇಂಗ್ಲಿಷ್ ಅಕ್ಷರಗಳಲ್ಲಿವೆ. ಎ, ಎನ್, ಎ, ವೈ, ಎ ಎಂಬ ಐದು ಅಕ್ಷರಗಳನ್ನು ಕನ್ನಡದಲ್ಲಿ ಅನಯ, ಅನಾಯ, ಆನಯ, ಆನಾಯ ಎಂದು ಹೇಗೆ ಬೇಕಾದರೂ ಓದಬಹುದು. ಹ್ರಸ್ವವೋ ದೀರ್ಘವೋ ಎಂಬುದನ್ನು ಆ ಬರಹ ಹೇಳುವುದೇ ಇಲ್ಲ. ಸಂಸ್ಕೃತದಲ್ಲಿ ಇವು ಬೇರೆ ಬೇರೆ ಪದಗಳು. ಆನಯ ಎಂದರೆ ತರುವುದು, ಕರೆತರುವುದು. ಆನಾಯ ಎಂದರೆ ಬಲೆ. ಅಮರಕೋಶದ ವಾರಿವರ್ಗದಲ್ಲಿ, ಮೀನುಗಾರರ ಸಲಕರಣೆಗಳನ್ನು ಹೇಳುವ ಕಡೆ ಅದು ಬರುತ್ತದೆ. ತುಂಗಭದ್ರೆಯ ದಂಡೆಯಲ್ಲಿ ಹುಟ್ಟಿದ ಮಗುವಿಗೆ ಬಲೆ ಎಂಬ ಹೆಸರು ಹೊಂದೀತೆಂದು ಅಜ್ಜಿ ನಕ್ಕರು.

ಕಾಳಜಿ ಎಂಬ ಅರ್ಥದ ಪದ ಅರಬ್ಬಿಯದು. ಊರಿನ ಉರ್ದು ಶಾಲೆಯ ಶಿಕ್ಷಕರೊಬ್ಬರು ಅದನ್ನು ಬರೆದು ತೋರಿಸಿದರು. ಅದು ಐನ್ ಅಕ್ಷರದಿಂದ ಶುರುವಾಗುತ್ತದೆ, ಐನ್‌ನ ಕೆಳಗೆ ಜೇರ್ ಬರುತ್ತದೆ, ಆದ್ದರಿಂದ ಮೊದಲ ಸ್ವರ ಇಕಾರ. ಪದ ಇನಾಯಾ. ಅದೇ ಫಾರಸಿ ಮತ್ತು ಉರ್ದುವಿನಲ್ಲಿ ಇನಾಯತ್ ಎಂದಾಗಿದೆ. 1948ರವರೆಗೆ ನಿಜಾಮರ ಆಡಳಿತದಲ್ಲಿದ್ದ ಕೊಪ್ಪಳ, ರಾಯಚೂರು ಸೀಮೆಯಲ್ಲಿ ಇನಾಯತ್ ಎಂಬ ಹೆಸರು ಹೊಸದೇನಲ್ಲ. ಇನಾಮು ಎಂಬ ಪದದೊಂದಿಗೆ ಇದನ್ನು ಬೆರೆಸಬಾರದೆಂದೂ ಆ ಶಿಕ್ಷಕರು ಎಚ್ಚರಿಸಿದರು. ಕಿವಿಗೆ ಅಕ್ಕತಂಗಿಯರಂತೆ ಕೇಳಿಸಿದರೂ ಎರಡರ ಧಾತುಗಳು ಬೇರೆ. ಇನಾಯಾ ಒಳ್ಳೆಯ ಪದ, ಒಳ್ಳೆಯ ಅರ್ಥ. ಆದರೆ ಅದು ಅಕಾರದಿಂದ ಶುರುವಾಗುವುದಿಲ್ಲ, ಸಂಸ್ಕೃತವೂ ಅಲ್ಲ. ‘ದೇವರು ಉತ್ತರಿಸಿದನು’ ಎಂಬುದು ಹೀಬ್ರೂ ಭಾಷೆಯ ಅನಾಯ ಎಂಬ ಹೆಸರಿನ ಅರ್ಥ. ಬೈಬಲ್ಲಿನ ಹಳೆಯ ಒಡಂಬಡಿಕೆಯಲ್ಲಿ, ನೆಹೆಮೀಯನ ಗ್ರಂಥದ 8ನೇ ಅಧ್ಯಾಯದಲ್ಲಿ ಅದು ಗಂಡಸೊಬ್ಬನ ಹೆಸರಾಗಿ ಬರುತ್ತದೆ.

ಹೀಗೆ ಮೂರು ಭಾಷೆಗಳ ಬೇರೆ ಬೇರೆ ಪದಗಳು ಇಂಗ್ಲಿಷ್ ಕಾಗುಣಿತದಲ್ಲಿ ಒಂದಾಗಿ, ಒಂದರ ಅರ್ಥ ಇನ್ನೊಂದಕ್ಕೆ ಅಂಟಿಕೊಂಡಿದೆ. ಹೆಸರನ್ನು ಹುಡುಕುವವರು ಇಂಗ್ಲಿಷಿನಲ್ಲಿ ಕಂಡದ್ದನ್ನು ಮೊದಲು ಕನ್ನಡದಲ್ಲಿ ಬರೆದುಕೊಂಡರೆ ಈ ತೊಡಕು ಅಲ್ಲಿಯೇ ಬಿಡಿಸಿಕೊಳ್ಳುತ್ತದೆ. ನಮ್ಮ ಲಿಪಿಯಲ್ಲಿ ಅ ಮತ್ತು ಆ, ನ ಮತ್ತು ಣ, ಗ ಮತ್ತು ಘ ಬೇರೆ ಬೇರೆಯಾಗಿವೆ. ಬರೆಯುವವರು ಯಾವುದೆಂದು ತೀರ್ಮಾನಿಸಲೇಬೇಕಾಗುತ್ತದೆ. ಈ ಮನೆಯ ತಾಯಿ ಕನ್ನಡದಲ್ಲಿ ಬರೆದು ನೋಡಿದ್ದರಿಂದಲೇ ಅವರಿಗೆ ನಯ–ಅನಯ ಕಂಡಿತು. ಮೊಬೈಲಿನ ಇಂಗ್ಲಿಷ್ ಅಕ್ಷರಗಳಲ್ಲಿ ಓದಿದ ತಂದೆಗೆ ಕಾಣಲಿಲ್ಲ.

ಉಳಿದ ಎರಡು ಹೆಸರುಗಳು

ಅಮಾಯ್ರಾ ಎಂಬುದಕ್ಕೆ ಪಟ್ಟಿ ಕೊಟ್ಟಿದ್ದ ಸಂಸ್ಕೃತ ಮೂಲ ಯಾವ ಕೋಶದಲ್ಲಿಯೂ ಸಿಗಲಿಲ್ಲ. ಅದು ಅರಬ್ಬಿಯ ಅಮೀರಾ ಎಂಬುದಕ್ಕೆ ಹತ್ತಿರವಿದೆ. ಅಮೀರ ಎಂಬುದರ ಸ್ತ್ರೀರೂಪವದು, ರಾಜಕುಮಾರಿ ಎಂದು ಅರ್ಥ. ತಂದೆಗೆ ಆ ಹೆಸರಿನ ಮೇಲೆ ಅಷ್ಟೇನೂ ಮನಸ್ಸಿರಲಿಲ್ಲವಾದ್ದರಿಂದ ಅದನ್ನು ಅಲ್ಲಿಗೇ ಬಿಟ್ಟೆವು.

ಅದ್ವಿಕಾ ಸ್ವಲ್ಪ ಯೋಚಿಸುವಂತೆ ಮಾಡಿತು. ಪಟ್ಟಿ ಹೇಳುವಂತೆ ಅದರ ಅರ್ಥ ‘ಅದ್ವಿತೀಯಳು’. ಅದ್ವಿತೀಯ ಎಂಬ ಪದ ಸಂಸ್ಕೃತದಲ್ಲಿ ನಿಜವಾಗಿಯೂ ಇದೆ, ಕನ್ನಡದಲ್ಲಿಯೂ ದಿನಬಳಕೆಯಲ್ಲಿದೆ. ಅದ್ವಿಕ ಎಂಬುದು ಹಾಗಿಲ್ಲ. ದ್ವಿಕ ಎಂದರೆ ಎರಡರಿಂದ ಕೂಡಿದ್ದು ಎಂಬ ಪದವಿರುವುದರಿಂದ, ಅದರ ಮೊದಲಿಗೆ ‘ಅ’ ಸೇರಿಸಿ ಎರಡಲ್ಲದ್ದು ಎಂಬ ಅರ್ಥದಲ್ಲಿ ಅದ್ವಿಕ ಎಂದು ಹೊಸದಾಗಿ ಕಟ್ಟಲು ವ್ಯಾಕರಣ ಅಡ್ಡಿ ಮಾಡುವುದಿಲ್ಲ. ಇಂಥ ಹೆಸರುಗಳನ್ನು ನಾನು ತಪ್ಪು ಎಂದು ತಳ್ಳಿಹಾಕುವುದಿಲ್ಲ. ಹೊಸ ಹೆಸರು ಕಟ್ಟುವುದು ಅಪರಾಧವಲ್ಲ, ಇಂದು ಹಳೆಯದೆನ್ನಿಸುವ ಹೆಸರುಗಳನ್ನೂ ಒಂದು ಕಾಲದಲ್ಲಿ ಯಾರೋ ಕಟ್ಟಿದವರೇ. ಆದರೆ ಹೊಸದಾಗಿ ಕಟ್ಟಿದ್ದನ್ನು ಪ್ರಾಚೀನ ಸಂಸ್ಕೃತ ಹೆಸರೆಂದು ಹೇಳಿಕೊಡುವುದು ಸರಿಯಲ್ಲ. ತಂದೆತಾಯಿಗಳಿಗೆ ನಾನು ಹೇಳಿದ್ದು ಇಷ್ಟೇ: ಇದನ್ನು ಇಡಬಹುದು, ಇಟ್ಟರೆ ಇದು ಈ ಕಾಲದ ಹೆಸರೆಂದು ತಿಳಿದು ಇಡಿ, ನಾಳೆ ಮಗಳು ಕೇಳಿದಾಗ ವೇದಕಾಲದ್ದೆಂದು ಹೇಳಬೇಡಿ.

ಪರ್ಯಾಯದ ಹುಡುಕಾಟ

ತಂದೆಯ ಮನಸ್ಸಿನಲ್ಲಿದ್ದದ್ದು ಅರ್ಥವೇ ಹೊರತು ಸದ್ದಲ್ಲ ಎಂಬುದು ಮಾತಾಡುತ್ತ ತಿಳಿಯಿತು. ತನಗಿಂತ ಮೇಲಿಲ್ಲದವಳು ಎಂಬ ಹಾರೈಕೆ ಹೆಸರಿನಲ್ಲಿರಬೇಕು, ಅಕಾರದಿಂದ ಶುರುವಾಗಬೇಕು. ಆಶ್ಚರ್ಯವೆಂದರೆ ಪಟ್ಟಿ ಅನಯಾ ಎಂಬುದಕ್ಕೆ ಹಚ್ಚಿದ್ದ ಆ ಅರ್ಥ ಸಂಸ್ಕೃತದಲ್ಲಿ ಅಕ್ಷರಶಃ ಬೇರೊಂದು ಪದಕ್ಕಿದೆ. ಅನುತ್ತರ ಎಂದರೆ ತನಗಿಂತ ಮೇಲಿಲ್ಲದ್ದು. ಅನುತ್ತಮ ಎಂಬುದೂ ಅದೇ, ಅದಕ್ಕಿಂತ ಉತ್ತಮವಿಲ್ಲ ಎಂದರ್ಥ. ಮೂಲವೂ ಅರ್ಥವೂ ಖಚಿತ. ಆದರೂ ಇವೆರಡನ್ನೂ ನಾನು ಸೂಚಿಸಲಿಲ್ಲ. ಕನ್ನಡದ ಕಿವಿಗೆ ಅನುತ್ತರಾ ಎಂದರೆ ಉತ್ತರ ಕೊಡದವಳು, ಅನುತ್ತಮಾ ಎಂದರೆ ಉತ್ತಮಳಲ್ಲದವಳು ಎಂದೇ ಕೇಳಿಸುತ್ತದೆ. ಕೋಶದಲ್ಲಿ ಸರಿಯಿದ್ದ ಮಾತ್ರಕ್ಕೆ ಹೆಸರು ಸರಿಯಾಗುವುದಿಲ್ಲ. ಮಗು ಬೆಳೆಯುವುದು ಓಣಿಯಲ್ಲಿ, ಶಾಲೆಯಲ್ಲಿ. ಅಮಲಾ ಎಂಬ ಹೆಸರನ್ನು ತಾಯಿಯ ತವರಿನವರು ಸೂಚಿಸಿದಾಗಲೂ ಇದೇ ತೊಡಕು ಬಂತು. ಮಲವಿಲ್ಲದವಳು, ನಿರ್ಮಲೆ ಎಂದು ಸಂಸ್ಕೃತದಲ್ಲಿ ನಿರ್ದೋಷವಾದ ಹೆಸರದು. ನಮ್ಮ ಕಡೆ ಅಮಲು ಎಂದರೆ ಏನೆಂದು ಎಲ್ಲರಿಗೂ ಗೊತ್ತು.

ಅಪರ್ಣಾ ಎಂಬುದರ ಬಗ್ಗೆಯೂ ಮಾತು ನಡೆಯಿತು. ತಪಸ್ಸಿನಲ್ಲಿ ಉದುರಿದ ಎಲೆಯನ್ನು ತಿನ್ನುವುದನ್ನೂ ಬಿಟ್ಟ ಪಾರ್ವತಿಗೆ ಬಂದ ಹೆಸರದು, ಕಾಳಿದಾಸನ ಕಾವ್ಯದಲ್ಲಿಯೇ ಅದರ ವಿವರಣೆಯಿದೆ. ಆದರೆ ಅಜ್ಜಿಯ ಬಾಯಲ್ಲಿ ಅದು ಅಪ್ರಣಾ ಎಂದು ತಿರುಗುತ್ತಿತ್ತು, ಎಷ್ಟು ಹೇಳಿಕೊಟ್ಟರೂ ಸರಿಹೋಗಲಿಲ್ಲ. ದಿನವೂ ಮಗುವನ್ನು ಎತ್ತಿ ಆಡಿಸುವವರ ನಾಲಿಗೆಗೆ ಬಾರದ ಹೆಸರು ಆ ಮನೆಗೆ ಹೊಂದುವುದಿಲ್ಲ ಎಂದು ಸೊಸೆಯೇ ಹೇಳಿ ಅದನ್ನು ಕೈಬಿಟ್ಟರು. ಅತ್ತೆಯ ಮಾತಿಗೆ ಆಕೆ ಕೊಟ್ಟ ಆ ತೂಕ ನನಗೆ ತುಂಬ ಸರಿಯೆನ್ನಿಸಿತು.

ಕೊನೆಗೆ ನಿಂತದ್ದು ಅನುಪಮಾ. ಇದನ್ನು ಹಲವರು ಅನು ಎಂಬ ಉಪಸರ್ಗದಿಂದ ಬಂದದ್ದೆಂದು ತಿಳಿಯುತ್ತಾರೆ, ಹಾಗಲ್ಲ. ಅನ್ ಮತ್ತು ಉಪಮಾ ಸೇರಿ ಅನುಪಮಾ ಆಗಿದೆ. ಉಪಮೆ ಎಂದರೆ ಹೋಲಿಕೆ. ಹೋಲಿಕೆ ಇಲ್ಲದವಳು, ಸಾಟಿಯಿಲ್ಲದವಳು. ತಂದೆ ಬಯಸಿದ್ದ ಹಾರೈಕೆಯೇ ಇಲ್ಲಿದೆ, ಮತ್ತು ಅದಕ್ಕೆ ಕೋಶದ ಆಧಾರವೂ ಬಳಕೆಯ ಆಧಾರವೂ ಇವೆ. ಅನುಪಮ ಎಂಬ ಪದ ಕನ್ನಡದಲ್ಲಿ ಓದಿದವರೆಲ್ಲರಿಗೂ ಪರಿಚಿತ. ಅಲ್ಲದೆ ಹೆಣ್ಣಿನ ಅಂಕಿತನಾಮವಾಗಿಯೇ ಅದು ಅಮರಕೋಶದಲ್ಲಿ ದಾಖಲಾಗಿದೆ. ಎಂಟು ದಿಕ್ಕುಗಳನ್ನು ಹೊತ್ತ ದಿಗ್ಗಜಗಳ ಹೆಂಡತಿಯರನ್ನು ಹೆಸರಿಸುವಲ್ಲಿ ಅಭ್ರಮು, ಕಪಿಲಾ, ಪಿಂಗಲಾ ಆದ ಮೇಲೆ ಬರುವ ನಾಲ್ಕನೆಯವಳು ಅನುಪಮಾ. ಕುಮುದವೆಂಬ ದಿಗ್ಗಜದ ಜೋಡಿ. ಹೆಸರನ್ನು ಒಪ್ಪುವ ಮೊದಲೇ ಅದರ ಸಂಗತಿಯೆಲ್ಲವೂ ಮನೆಯವರಿಗೆ ತಿಳಿದಿರಬೇಕು ಎಂಬುದು ನನ್ನ ನಿಯಮವಾದ್ದರಿಂದ, ಇದು ಆನೆಯ ಹೆಸರೂ ಹೌದು ಎಂಬುದನ್ನು ಮುಚ್ಚಿಡದೆ ಹೇಳಿದೆ. ದಿಕ್ಕನ್ನು ಹೊತ್ತ ಆನೆ ಎಂದರೆ ಕಡಿಮೆಯೇನು ಎಂದು ಅಜ್ಜಿ ಕೇಳಿದರು. ಅನುಪಮಾ ಅವರ ನಾಲಿಗೆಗೆ ಸಲೀಸಾಗಿ ಬಂತು. ಕರೆಯುವಾಗ ಅನು, ಅನಮ್ಮ ಎಂದು ಮೊಟಕು ಮಾಡಲೂ ಬರುತ್ತದೆ.

ಅಜ್ಜಿಗೆ ತಮ್ಮದೇ ಆದ ಇನ್ನೊಂದು ಬೇಡಿಕೆಯಿತ್ತು. ಮನೆಯವರು ಹುಲಿಗಿಯ ಹುಲಿಗೆಮ್ಮನಿಗೆ ನಡೆದುಕೊಳ್ಳುವವರು. ದೇವಿಯ ಹೆಸರು ತೊಟ್ಟಿಲಲ್ಲಿ ಬೀಳಲೇಬೇಕು ಎಂದು ಅವರು ಪಟ್ಟು ಹಿಡಿದರು. ಆ ಹೆಸರಿನ ಅರ್ಥಕ್ಕೆ ಪರಿಶೀಲನೆ ಬೇಕಾಗಲಿಲ್ಲ. ಹುಲಿಗೆಮ್ಮ ಎಂದರೆ ಹುಲಿಗಿಯ ಅಮ್ಮ. ಗವಿಸಿದ್ದಪ್ಪ, ಹುಲಗಪ್ಪ, ಕನಕಪ್ಪ, ಪಂಪಾಪತಿ ಎಂಬ ಹೆಸರುಗಳನ್ನು 
ಕೇಳಿದೊಡನೆ ಈ ಸೀಮೆಯವರಿಗೆ ಯಾವ ಊರಿನ ಯಾವ ದೈವ ಎಂದು ತಿಳಿಯುತ್ತದೆ. ಕೋಶ ತೆರೆಯಬೇಕಾದ ಅಗತ್ಯವೇ ಬೀಳದಷ್ಟು ಅವುಗಳ ಮೂಲ ಸ್ಪಷ್ಟವಾಗಿದೆ. ಹೊಸ ಹೆಸರಿನ ಅರ್ಥಕ್ಕಾಗಿ ಇಷ್ಟೆಲ್ಲ ಹುಡುಕಾಡುವ ನಾವು ಈ ಹೆಸರುಗಳನ್ನು ಹಳ್ಳಿಯವರ ಹೆಸರೆಂದು ಬದಿಗೆ ಸರಿಸುತ್ತಿರುವುದು ನನಗೆ ನೋವಿನ ಸಂಗತಿ.

ತೊಟ್ಟಿಲ ಕಾರ್ಯದ ದಿನ ಸೋದರತ್ತೆ ಮಗುವಿನ ಕಿವಿಯಲ್ಲಿ ಎರಡೂ ಹೆಸರುಗಳನ್ನು ಹೇಳಿದರು, ಬಂದವರಿಗೆಲ್ಲ ಗುಗ್ಗರಿ ಹಂಚಿದರು.

ದಾಖಲೆ ಮತ್ತು ಅದರ ನಂತರ

ಜನನ ನೋಂದಣಿಯ ಬಗ್ಗೆ ಮನೆಯಲ್ಲಿ ಒಂದು ಆತುರವಿತ್ತು. ಹೆಸರು ಕೂಡಲೇ ಬರೆಸದಿದ್ದರೆ ತೊಂದರೆಯಾದೀತೆಂದು ತಂದೆ ಭಾವಿಸಿದ್ದರು. 21 ದಿನಗಳೊಳಗೆ ತಿಳಿಸಬೇಕಾದದ್ದು ಜನನವನ್ನು, ಹೆಸರನ್ನಲ್ಲ. 1969ರ ಜನನ ಮರಣ ನೋಂದಣಿ ಕಾಯ್ದೆಯ 14ನೇ ಕಲಮಿನ ಪ್ರಕಾರ ಹೆಸರಿಲ್ಲದೆಯೇ ಜನನವನ್ನು ನೋಂದಾಯಿಸಬಹುದು, ಹೆಸರನ್ನು ಆಮೇಲೆ ಸೇರಿಸಬಹುದು. ನೋಂದಣಿಯಾದ 12 ತಿಂಗಳೊಳಗೆ ಸೇರಿಸಿದರೆ ಶುಲ್ಕವೂ ಇಲ್ಲ. ಸಂದೇಹವಿರುವ ಹೆಸರನ್ನು ಅವಸರದಲ್ಲಿ ಬರೆಸುವ ಬದಲು ಈ ಅವಕಾಶವನ್ನು ಬಳಸಿಕೊಳ್ಳುವುದೇ ಮೇಲು, ಏಕೆಂದರೆ ಒಮ್ಮೆ ದಾಖಲಾದ ಹೆಸರನ್ನು ಬೇರೊಂದಕ್ಕೆ ಬದಲಿಸುವುದು ಸುಲಭದ ಮಾತಲ್ಲ. 2023ರ ಅಕ್ಟೋಬರ್ 1ರಿಂದ ಜಾರಿಗೆ ಬಂದ ತಿದ್ದುಪಡಿಯ ನಂತರ ಹುಟ್ಟಿದ ಮಕ್ಕಳಿಗೆ ಶಾಲೆ ಸೇರುವಾಗ, ಮತದಾರರ ಪಟ್ಟಿಗೆ ಸೇರುವಾಗ, ಚಾಲನಾ ಪರವಾನಗಿ ಪಡೆಯುವಾಗ ಜನ್ಮದಿನಕ್ಕೆ ಆಧಾರವಾಗುವುದು ಜನನ ಪ್ರಮಾಣಪತ್ರವೇ ಆದ್ದರಿಂದ ಅದರಲ್ಲಿರುವ ಕಾಗುಣಿತಕ್ಕೆ ಮೊದಲಿಗಿಂತ ಹೆಚ್ಚಿನ ಮಹತ್ವ ಬಂದಿದೆ. ಅರ್ಜಿಯಲ್ಲಿ ತಾಯಿ ಹೆಸರನ್ನು ತಮ್ಮ ಕೈಯಿಂದಲೇ ಕನ್ನಡದಲ್ಲಿ ದೀರ್ಘಸಹಿತ ಅನುಪಮಾ ಎಂದು ಬರೆದರು, ನಮೂದು ಮಾಡುವಾಗ ಎದುರಿಗೆ ನಿಂತು ಕನ್ನಡ ಮತ್ತು ಇಂಗ್ಲಿಷ್ ಎರಡನ್ನೂ ಓದಿ ನೋಡಿದರು.

ಈ ಪ್ರಕರಣದಿಂದ ಇನ್ನೊಂದು ಪ್ರಶ್ನೆ ಹುಟ್ಟಿತು, ಅದನ್ನೂ ಇಲ್ಲಿ ಹೇಳಬೇಕು. ವಿಷಯ ಶಾಲೆಯಲ್ಲಿ ತಿಳಿದ ಮೇಲೆ ಆ ತಾಯಿಯ ಸಹೋದ್ಯೋಗಿಯೊಬ್ಬರು ನನ್ನನ್ನು ಕಂಡರು. ಅವರ ಮಗಳ ಹೆಸರೇ ಅನಾಯಾ. ಅಂಗನವಾಡಿ ಮುಗಿಸಿ ಶಾಲೆ ಸೇರಿದ್ದಾಳೆ. ಬದಲಿಸಬೇಕೇ ಎಂದು ಅವರು ಬಹಳ ಕಳವಳದಿಂದ ಕೇಳಿದರು. ಬದಲಿಸಬೇಡಿ ಎಂದೇ ನಾನು ಹೇಳಿದೆ. ನಕಾರಕ್ಕೆ ದೀರ್ಘವಿರುವ ಆ ಹೆಸರು ಸಂಸ್ಕೃತದ ಅನಯ ಅಲ್ಲ. ಕಾಳಜಿ ಎಂಬ ಅರ್ಥದ ಅರಬ್ಬಿ ಪದದ ಮೊದಲ ಸ್ವರ ಬದಲಾಗಿ ಬಂದ ರೂಪವೆಂದು ಅದನ್ನು ಹೇಳಬಹುದು, ಹಾಗೆ ಹೇಳುವುದರಲ್ಲಿ ಸುಳ್ಳಿಲ್ಲ. ಅದಕ್ಕಿಂತ ಮುಖ್ಯವಾಗಿ, ಐದು ವರ್ಷದ ಹುಡುಗಿ ಆ ಹೆಸರಿಗೆ ಓಗೊಟ್ಟು ಬೆಳೆದಿದ್ದಾಳೆ, ಅದು ಈಗ ಅವಳದು. ಮಗಳು ದೊಡ್ಡವಳಾಗಿ ಅರ್ಥ ಕೇಳಿದಾಗ ಪಟ್ಟಿಯಲ್ಲಿದ್ದ ‘ಸಂಸ್ಕೃತ ಮೂಲ’ ಎಂಬುದನ್ನು ಬಿಟ್ಟು, ಕಾಳಜಿ ಎಂದರ್ಥ ಎಂದು ಹೇಳಿದರೆ ಸಾಕು. ಕನ್ನಡದಲ್ಲಿ ಬರೆಯುವಾಗಲೆಲ್ಲ ನಾ ಅಕ್ಷರದ ದೀರ್ಘ ತಪ್ಪದಂತೆ ಶಾಲೆಯ ಹಾಜರಿ ಪುಸ್ತಕದಲ್ಲಿಯೂ ಒಮ್ಮೆ ನೋಡಿಕೊಳ್ಳಿ ಎಂದು ಹೇಳಿ ಕಳಿಸಿದೆ. ಪುಸ್ತಕದಲ್ಲಿ ದೀರ್ಘವಿರಲಿಲ್ಲವಂತೆ, ತರಗತಿಯ ಶಿಕ್ಷಕರಿಗೆ ಹೇಳಿ ಸರಿಪಡಿಸಿಕೊಂಡರು.